ಬಂದರಿಲ್ಲದ ಕಡಲಲ್ಲಿ ‘ಏರೋ’

‘ಏರೋ’ 74 ತೋಪುಗಳ ಫ್ರೆಂಚ್ ಹಾಯಿಹಡಗು. ಫ್ರಾನ್ಸಿನ ಮೆಡಿಟರೇನಿಯನ್ ಕರಾವಳಿಯ ತೂಲೋನ್ ನೌಕಾಂಗಣದಲ್ಲಿ 1778ರ ಡಿಸೆಂಬರ್ 30ರಂದು ಅದು ನೀರಿಗಿಳಿಯಿತು. ಹೆಸರಿನ ಅರ್ಥ ವೀರ. ಬರವಣಿಗೆಯಲ್ಲಿರುವ ಹಕಾರವನ್ನು ಫ್ರೆಂಚರು ಉಚ್ಚರಿಸುವುದಿಲ್ಲ. ಹದಿನೈದು ವರ್ಷದ ಅದರ ಆಯುಷ್ಯದಲ್ಲಿ ಚರಿತ್ರೆ ನೆನಪಿಟ್ಟುಕೊಂಡಿರುವುದು 1781ರ ಮಾರ್ಚಿನಿಂದ 1784ರ ಮಾರ್ಚಿನವರೆಗಿನ ಮೂರು ವರ್ಷಗಳನ್ನು ಮಾತ್ರ. ಆ ಅವಧಿಯಲ್ಲಿ ಅದು ನೌಕಾಪತಿ ಸುಫ್ರೆನ್‌ನ ಧ್ವಜನೌಕೆಯಾಗಿತ್ತು. ಎರಡನೆಯ ಮೈಸೂರು ಯುದ್ಧದಲ್ಲಿ ಹೈದರ್ ಅಲಿಗೆ ಕಡಲಿನ ಕಡೆಯಿಂದ ದೊರೆತ ನೆರವೆಂದರೆ ಬಹುಮಟ್ಟಿಗೆ ಈ ಹಡಗು ಮತ್ತು ಇದರ ಬೆನ್ನಿಗೆ ಬಂದ ಪಡೆ. ಹಾಗಾಗಿ ತೂಲೋನಿನ ಓಕ್ ಮರದ ಈ ಹಡಗಿಗೂ ಶ್ರೀರಂಗಪಟ್ಟಣದ ಚರಿತ್ರೆಗೂ ನೇರವಾದ ನಂಟುಂಟು.

ಹಡಗನ್ನು ಅರಿಯಬೇಕಾದರೆ ಮೊದಲು ‘74’ ಎಂಬ ಮಾದರಿಯನ್ನು ಅರಿಯಬೇಕು. ಹದಿನೆಂಟನೆಯ ಶತಮಾನದ ಕಡಲ ಕಾಳಗದಲ್ಲಿ ಹಡಗುಗಳು ಒಂದರ ಹಿಂದೊಂದು ಸಾಲುಗಟ್ಟಿ, ಎದುರು ಸಾಲಿಗೆ ಪಕ್ಕೆ ಕೊಟ್ಟು ಗುಂಡು ಹಾರಿಸುತ್ತಿದ್ದವು. ಸಾಲಿನಲ್ಲಿ ಒಂದು ಬಡಕಲು ಹಡಗಿದ್ದರೂ ಅಲ್ಲೇ ಬಿರುಕು ಬೀಳುತ್ತಿತ್ತು. ಹಾಗೆಂದು ಎಲ್ಲವನ್ನೂ ಮೂರು ಅಟ್ಟದ ದೈತ್ಯಗಳಾಗಿ ಕಟ್ಟುವಂತೆಯೂ ಇರಲಿಲ್ಲ. ಅವುಗಳ ಖರ್ಚು ಹೆಚ್ಚು, ನಡಿಗೆ ನಿಧಾನ. ಕಡಲು ತುಸು ಒರಟಾದರೂ ಕೆಳಗಿನ ಅಟ್ಟದ ಕಿಂಡಿಗಳೊಳಗೆ ನೀರು ನುಗ್ಗುತ್ತಿದ್ದುದರಿಂದ ಅತಿ ಭಾರದ ತೋಪುಗಳನ್ನೇ ಮುಚ್ಚಿಡಬೇಕಾಗುತ್ತಿತ್ತು. ಹಳೆಯ ಎರಡಟ್ಟದ ಹಡಗುಗಳಲ್ಲೂ ಇದೇ ತೊಡಕಿತ್ತು. ಒಡಲನ್ನು ಉದ್ದ ಮಾಡಿ, ಕೆಳಸಾಲಿನ ಕಿಂಡಿಗಳನ್ನು ನೀರಿನ ಮಟ್ಟದಿಂದ ಸಾಕಷ್ಟು ಮೇಲಕ್ಕೆತ್ತಿ, ಎರಡೇ ಅಟ್ಟಗಳಲ್ಲಿ ಭಾರಿ ತೋಪುಗಳನ್ನು ಹೂಡುವ ಉಪಾಯ ಫ್ರೆಂಚ್ ಹಡಗುಕಟ್ಟೆಗಳಲ್ಲಿ 1730ರ ದಶಕದ ಕೊನೆಗೆ ರೂಪುಗೊಂಡಿತು. ತೂಲೋನಿನಲ್ಲಿ ಫ್ರಾನ್ಸ್ವಾ ಕುಲೋಂ ಕಟ್ಟಿದ ‘ತೆರೀಬ್ಲ್’ 1739ರಲ್ಲಿ ನೀರಿಗಿಳಿಯಿತು. ರೋಶ್‌ಫೋರ್‌ನಲ್ಲಿ ಪಿಯೆರ್ ಮೊರಿನೋ ಕಟ್ಟಿದ ‘ಅಂವೆನ್ಸೀಬ್ಲ್’ 1744ರಲ್ಲಿ ಬಂತು. 1747ರ ಎರಡು ಕಾಳಗಗಳಲ್ಲಿ ಇವೆರಡೂ ಇಂಗ್ಲಿಷರ ಕೈಸೇರಿದವು. ‘ಅಂವೆನ್ಸೀಬ್ಲ್’ ಎಂದರೆ ಅಜೇಯ. ಹೆಸರಿಗೆ ತಕ್ಕ ಭಾಗ್ಯ ಅದಕ್ಕಿರಲಿಲ್ಲ. ಆದರೆ ಅದರ ಮೈಕಟ್ಟನ್ನು ಅಳೆದು ನೋಡಿದ ಇಂಗ್ಲಿಷರು ಅದೇ ರೇಖೆಗಳ ಮೇಲೆ ತಮ್ಮ ಹಡಗುಗಳನ್ನು ಕಟ್ಟಿಕೊಂಡರು. ಶತಮಾನದ ಕೊನೆಗೆ ಎರಡೂ ದೇಶಗಳ ಯುದ್ಧಸಾಲಿನ ಬೆನ್ನೆಲುಬು ಈ 74ರ ಮಾದರಿಯೇ ಆಗಿತ್ತು.

ತೋಪುಗಳ ಹಂಚಿಕೆ ಹೀಗಿತ್ತು. ಕೆಳ ಅಟ್ಟದಲ್ಲಿ 36 ಪೌಂಡಿನ 28, ಮೇಲಿನ ಅಟ್ಟದಲ್ಲಿ 18 ಪೌಂಡಿನ 30, ಹಿಂದು ಮುಂದಿನ ಎತ್ತರದ ಕಟ್ಟೆಗಳ ಮೇಲೆ 8 ಪೌಂಡಿನ 16. ಇಲ್ಲಿ ಪೌಂಡ್ ಎಂದರೆ ಗುಂಡಿನ ತೂಕ. ಅದೂ ಇಂಗ್ಲಿಷ್ ಪೌಂಡ್ ಅಲ್ಲ, ಅದಕ್ಕಿಂತ ಸುಮಾರು ನೂರಕ್ಕೆ ಎಂಟರಷ್ಟು ಭಾರವಾದ ಫ್ರೆಂಚ್ ಲೀವ್ರ್. ಆ ಲೆಕ್ಕದಲ್ಲಿ 36ರ ಗುಂಡು ಹದಿನೇಳೂವರೆ ಕಿಲೋ ದಾಟುತ್ತದೆ. ಒಂದು ಪಕ್ಕದ 37 ತೋಪುಗಳು ಒಮ್ಮೆಗೇ ಹಾರಿದರೆ ಎದುರಾಳಿಯ ಕಡೆಗೆ ಸುಮಾರು 410 ಕಿಲೋ ಕಬ್ಬಿಣ ಹೊರಡುತ್ತಿತ್ತು. 36ರ ತೋಪೊಂದರ ತೂಕವೇ ಮೂರೂವರೆ ಟನ್. ಅದನ್ನು ಹೊರಗೆ ನೂಕಿ, ಹಾರಿಸಿ, ಒಳಗೆಳೆದು, ತೊಳೆದು, ಮತ್ತೆ ತುಂಬಲು ಹದಿನಾಲ್ಕು ಹದಿನೈದು ಆಳು ಬೇಕು. ಹಡಗಿನಲ್ಲಿ ಏಳುನೂರರಷ್ಟು ಜನ ಇರುತ್ತಿದ್ದುದು ಈ ಕಾರಣಕ್ಕೆ. ಹಾಯಿ ಬಿಚ್ಚಿ ಕಟ್ಟುವುದಕ್ಕಷ್ಟೇ ಆಗಿದ್ದರೆ ಅಷ್ಟು ಜನ ಬೇಕಿರಲಿಲ್ಲ.

ಆ ಕಾಲದ 74ರ ಉದ್ದ 54–55 ಮೀಟರ್, ಅಗಲ 14 ಮೀಟರಿನ ಆಸುಪಾಸು. ತುಂಬಿದ ಹಡಗಿನ ತೂಕ ಮೂರು ಸಾವಿರ ಟನ್ನಿನ ಹತ್ತಿರ. ಅದರ ಒಡಲು ಏಳು ಮೀಟರಿನಷ್ಟು ನೀರಿನಲ್ಲಿ ಮುಳುಗಿರುತ್ತಿತ್ತು. ಒಂದು ಹಡಗಿಗೆ ಎರಡು ಮೂರು ಸಾವಿರ ಬಲಿತ ಓಕ್ ಮರಗಳು ಬೇಕಾಗುತ್ತಿದ್ದವು. ನೆಟ್ಟಗಿನ ಮರವಷ್ಟೇ ಸಾಲದು. ಪಕ್ಕೆಲುಬುಗಳಿಗೆ ಬಾಗಿದ ಕಾಂಡ ಬೇಕು, ಅಟ್ಟದ ತೊಲೆಯನ್ನು ಗೋಡೆಗೆ ಬಿಗಿಯುವ ಮೊಣಕಾಲು ತುಂಡುಗಳಿಗೆ ಕೊಂಬೆ ಕವಲೊಡೆದ ಜಾಗವೇ ಬೇಕು. ಹುಟ್ಟಿನಿಂದಲೇ ಬಾಗಿದ ಮರದ ಬಲ ಕೊಯ್ದು ಬಾಗಿಸಿದ್ದರಲ್ಲಿ ಇರುವುದಿಲ್ಲ. ನಮ್ಮ ನೇಗಿಲು ಮಾಡುವ ಬಡಗಿ ಕಾಡಿನಲ್ಲಿ ಹುಡುಕುವುದೂ ಇದನ್ನೇ. ಕಾಡು ಹಡಗುಪಡೆಗೆ ಮೀಸಲಾಗಿರಬೇಕೆಂಬ ದೂರದೃಷ್ಟಿಯಿಂದ ಮಂತ್ರಿ ಕೋಲ್ಬೇರ್ 1669ರಲ್ಲೇ ಅರಣ್ಯ ಕಾಯಿದೆ ಮಾಡಿದ್ದ. ಕೂವೆಮರಗಳಿಗೆ ಮಾತ್ರ ಫ್ರಾನ್ಸಿನ ಕಾಡು ಸಾಲದಾಗಿತ್ತು. ನೇರವಾದ, ರಾಳ ತುಂಬಿದ ಎತ್ತರದ ಪೈನ್ ಮರಗಳು ಬಾಲ್ಟಿಕ್ ಕಡಲಿನ ರೀಗಾ ಮುಂತಾದ ಬಂದರುಗಳಿಂದ ಬರಬೇಕಿತ್ತು. ಕೂವೆಮರಕ್ಕೆ ಪರರನ್ನು ನಂಬಿಕೊಂಡ ಈ ಸ್ಥಿತಿ ಮುಂದೆ ಕೋರಮಂಡಲದ ಕಡಲಲ್ಲಿ ಸುಫ್ರೆನ್‌ನ ನಿದ್ದೆಗೆಡಿಸಿತು.

ಹಡಗು ಕಟ್ಟುವುದು ಆ ಹೊತ್ತಿಗೆ ಕೈಗುಣದ ವಿದ್ಯೆಯಾಗಿ ಮಾತ್ರ ಉಳಿದಿರಲಿಲ್ಲ. ತಂದೆಯಿಂದ ಮಗನಿಗೆ ಬರುತ್ತಿದ್ದ ಕಸುಬಿನ ಗುಟ್ಟಿಗೆ ಗಣಿತ ಸೇರಿಕೊಂಡಿತ್ತು. ದ್ಯುಅಮೆಲ್ ದ್ಯು ಮೊಂಸೋ 1741ರಲ್ಲಿ ಪ್ಯಾರಿಸ್ಸಿನಲ್ಲಿ ಹಡಗುಶಿಲ್ಪಿಗಳಿಗಾಗಿ ಶಾಲೆ ತೆರೆದ. ಪಿಯೆರ್ ಬುಗೇರ್ 1746ರ ತನ್ನ ಗ್ರಂಥದಲ್ಲಿ, ವಾಲಿದ ಹಡಗು ಮತ್ತೆ ನೆಟ್ಟಗಾಗುವುದೋ ಮಗುಚಿಕೊಳ್ಳುವುದೋ ಎಂಬುದನ್ನು ಕಟ್ಟುವ ಮೊದಲೇ ಲೆಕ್ಕ ಹಾಕುವ ಬಗೆಯನ್ನು ಕೊಟ್ಟ. ‘ಏರೋ’ ಹಡಗಿನ ವಿನ್ಯಾಸಕ ಜೋಸೆಫ್ ಮರಿ ಬ್ಲೇಸ್ ಕುಲೋಂ ಹಳೆಯ ಮತ್ತು ಹೊಸ ಪರಂಪರೆಗಳೆರಡಕ್ಕೂ ಸೇರಿದವನು. ತೂಲೋನಿನಲ್ಲಿ ಹಡಗು ಕಟ್ಟುವುದನ್ನೇ ಕುಲಕಸುಬಾಗಿ ಮಾಡಿಕೊಂಡಿದ್ದ ಮನೆತನ ಅವನದು. ಅವನ ಕೈಕೆಳಗೆ ‘ಏರೋ’ ಸಿದ್ಧವಾದ ವರ್ಷವೇ ಅದೇ ಬಂದರಿನಲ್ಲಿ ಇನ್ನೊಂದು ದೊಡ್ಡ ಕೆಲಸ ಮುಗಿಯಿತು. ಮೆಡಿಟರೇನಿಯನ್ ಕಡಲಿಗೆ ಹೇಳಿಕೊಳ್ಳುವಂಥ ಉಬ್ಬರವಿಳಿತವಿಲ್ಲ; ಇಳಿತದ ಹೊತ್ತಿನಲ್ಲಿ ನೀರು ಬಸಿದು ಹಡಗಿನ ತಳ ನೋಡುವ ಅನುಕೂಲ ಅಲ್ಲಿಲ್ಲ. ಎಂಜಿನಿಯರ್ ಆಂತ್ವಾನ್ ಗ್ರೊನ್ಯಾರ್ ದೈತ್ಯಾಕಾರದ ಮರದ ಪೆಟ್ಟಿಗೆಯೊಂದನ್ನು ಕಡಲಿನಲ್ಲಿ ಮುಳುಗಿಸಿ, ಅದರೊಳಗೆ ಕಲ್ಲಿನ ಒಣ ಹಡಗುಕಟ್ಟೆಯನ್ನು 1774ರಿಂದ 1778ರವರೆಗೆ ಕಟ್ಟಿಸಿದ. ಬಂದರಿನ ಒರಟು ದುಡಿಮೆಗೆಲ್ಲ ಅಲ್ಲಿನ ಸೆರೆಮನೆಯ ಕೈದಿಗಳಿದ್ದರು.

ಇಷ್ಟೆಲ್ಲ ವ್ಯವಸ್ಥೆ ಬೆನ್ನಿಗಿದ್ದರೇ 74 ತೋಪಿನ ಹಡಗು ಬದುಕುವುದು. ಒಣ ಕಟ್ಟೆ, ಕೂವೆಮರದ ಉಗ್ರಾಣ, ಹಗ್ಗ ಹೊಸೆಯುವ ಉದ್ದನೆಯ ಶಾಲೆ, ಗುಂಡು ಮದ್ದಿನ ಕೋಠಿ, ಆಸ್ಪತ್ರೆ, ತರಬೇತಾದ ನಾವಿಕರ ಪಟ್ಟಿ, ಇವುಗಳಲ್ಲಿ ಯಾವುದೊಂದು ತಪ್ಪಿದರೂ ಎರಡು ಮೂರು ವರ್ಷಕ್ಕೆ ಹಡಗು ಸೊರಗುತ್ತಿತ್ತು. ಇವುಗಳಲ್ಲಿ ಒಂದನ್ನೂ ನೆಚ್ಚುವಂತಿಲ್ಲದ ಕಡಲಿಗೆ ‘ಏರೋ’ ಹೊರಟಿತು.

1781ರ ಮಾರ್ಚ್ 22ರಂದು ಬ್ರೆಸ್ಟ್ ಬಂದರಿನಿಂದ ದ ಗ್ರಾಸ್‌ನ ದೊಡ್ಡ ನೌಕಾಪಡೆ ಅಮೆರಿಕದ ಕಡೆಗೆ ಹೊರಟಿತು. ಕೆಲವು ದಿನಗಳ ನಂತರ ಅದರಿಂದ ಕವಲೊಡೆದು ದಕ್ಷಿಣಕ್ಕೆ ತಿರುಗಿದ ಐದು ಹಡಗುಗಳೆಂದರೆ 74ರ ‘ಏರೋ’ ಮತ್ತು ‘ಆನಿಬಾಲ್’, 64ರ ‘ವೆಂಜ್ಯೂರ್’, ‘ಸ್ಫಿಂಕ್ಸ್’ ಮತ್ತು ‘ಆರ್ತೇಸಿಯನ್’. ನಾಯಕ ಪಿಯೆರ್ ಆಂದ್ರೆ ದ ಸುಫ್ರೆನ್, 51 ವರ್ಷದ ಪ್ರೊವಾನ್ಸ್ ಸೀಮೆಯವನು, ಸ್ಥೂಲಕಾಯ, ಮುಂಗೋಪ. ಡಚ್ಚರ ಕೈಯಲ್ಲಿದ್ದ ಗುಡ್‌ಹೋಪ್ ಭೂಶಿರವನ್ನು ಇಂಗ್ಲಿಷರು ಕಸಿಯುವ ಮೊದಲೇ ಅಲ್ಲಿಗೆ ಮುಟ್ಟಬೇಕೆಂಬುದು ಅವನಿಗಿದ್ದ ಮೊದಲ ಆಜ್ಞೆ.

ಏಪ್ರಿಲ್ 16ರಂದು ನೀರು ತುಂಬಿಸಿಕೊಳ್ಳಲು ಕೇಪ್ ವರ್ಡೆ ದ್ವೀಪಗಳ ಪೋರ್ತೊ ಪ್ರಾಯ ಕೊಲ್ಲಿಯ ಬಳಿ ಹೋದಾಗ, ಭೂಶಿರಕ್ಕೇ ಹೊರಟಿದ್ದ ಜಾನ್‌ಸ್ಟನ್ನನ ಇಂಗ್ಲಿಷ್ ಪಡೆ ಅಲ್ಲಿ ಲಂಗರು ಹಾಕಿ ನಿಂತಿರುವುದು ಕಂಡಿತು. ಬಂದರು ಪೋರ್ಚುಗೀಸರದು, ಫ್ರೆಂಚರಿಗೂ ಇಂಗ್ಲಿಷರಿಗೂ ನಡೆಯುತ್ತಿದ್ದ ಆ ಯುದ್ಧದಲ್ಲಿ ಅವರು ತಟಸ್ಥರು. ಆದರೆ 1759ರಲ್ಲಿ ಇದೇ ಪೋರ್ಚುಗಲ್ಲಿನ ಲಾಗೋಸ್ ಬಳಿ ಇಂಗ್ಲಿಷರು ತಟಸ್ಥತೆಯನ್ನು ಲೆಕ್ಕಿಸದೆ ಫ್ರೆಂಚ್ ಹಡಗುಗಳ ಮೇಲೆ ಬಿದ್ದಾಗ ಸೆರೆ ಸಿಕ್ಕವರಲ್ಲಿ ತರುಣ ಸುಫ್ರೆನ್ ಕೂಡ ಇದ್ದ. ಅವನು ಒಂದು ಗಳಿಗೆಯೂ ಕಾಯದೆ ‘ಏರೋ’ ಹಡಗನ್ನು ಶತ್ರುಗಳ ನಡುವೆ ನುಗ್ಗಿಸಿ ಅಲ್ಲೇ ಲಂಗರು ಇಳಿಸಿದ. ಬೆನ್ನಿಗೆ ಬಂದದ್ದು ‘ಆನಿಬಾಲ್’ ಒಂದೇ. ತಟಸ್ಥ ಬಂದರಿನಲ್ಲಿ ಕಾದಾಟವಾದೀತೆಂದು ನಂಬದ ಅದರ ನಾಯಕ ಅಟ್ಟವನ್ನು ಯುದ್ಧಕ್ಕೆ ತೆರವು ಮಾಡಿಸಿರಲಿಲ್ಲ. ಆ ತಪ್ಪಿಗೆ ಪ್ರಾಣವನ್ನೇ ತೆತ್ತ. ಉಳಿದ ಮೂರು ಹಡಗುಗಳಿಂದ ಹೆಚ್ಚೇನೂ ಆಗಲಿಲ್ಲ. ಕೊನೆಗೆ ‘ಏರೋ’ ಲಂಗರಿನ ಹಗ್ಗ ಕಡಿದುಕೊಂಡು ಹೊರಬಂತು. ಕೂವೆಗಳನ್ನೆಲ್ಲ ಕಳೆದುಕೊಂಡ ‘ಆನಿಬಾಲ್’ ಹಡಗನ್ನು ‘ಸ್ಫಿಂಕ್ಸ್’ ಎಳೆದುಕೊಂಡು ಹೋಗಬೇಕಾಯಿತು. ಕಾಳಗವಾಗಿ ನೋಡಿದರೆ ಇದು ಅರೆಬರೆ. ಆದರೆ ಜಾನ್‌ಸ್ಟನ್ನನ ಪಡೆ ತಡವಾಯಿತು, ಸುಫ್ರೆನ್ ಜೂನ್ 21ರಂದು ಭೂಶಿರ ಮುಟ್ಟಿದ, ಡಚ್ ವಸಾಹತು ಉಳಿಯಿತು. ಆ ದಿನ ಇಂಗ್ಲಿಷರ ಸಾಲಿನಲ್ಲಿದ್ದ 74ರ ಹಡಗಿನ ಹೆಸರು ‘ಹೀರೋ’. ಒಂದೇ ಹೆಸರಿನ ಈ ಎರಡು ಹಡಗುಗಳು ಮುಂದೆ ಕೋರಮಂಡಲದಲ್ಲೂ ಎದುರುಬದುರಾದವು.

ಈ ಹೊತ್ತಿಗೆ ಮೈಸೂರಿನವರಿಗೆ ಫ್ರೆಂಚ್ ಹಡಗುಗಳ ಬಗ್ಗೆ ಕಹಿ ಅನುಭವವೊಂದು ಆಗಿಹೋಗಿತ್ತು. 1780ರ ಜುಲೈಯಲ್ಲಿ ಹೈದರ್ ಕರ್ನಾಟಿಕ್ ಬಯಲಿಗೆ ಇಳಿದಿದ್ದ. ಸೆಪ್ಟೆಂಬರ್ 10ರಂದು ಪೊಳಿಲೂರಿನಲ್ಲಿ ಇಂಗ್ಲಿಷರ ಒಂದು ತುಕಡಿಯನ್ನು ಪೂರ್ತಿ ಅಳಿಸಿದ್ದ. ಅದೇ ಡಿಸೆಂಬರಿನಲ್ಲಿ ಇಂಗ್ಲಿಷ್ ನೌಕಾಪತಿ ಎಡ್ವರ್ಡ್ ಹ್ಯೂಸ್ ಮಂಗಳೂರಿನ ಮುಂದೆ ಲಂಗರು ಹಾಕಿದ್ದ ಹೈದರನ ಹಡಗುಗಳನ್ನು ನಾಶ ಮಾಡಿದ. 1781ರ ಆರಂಭದಲ್ಲಿ ಫ್ರೆಂಚ್ ನೌಕಾಪತಿ ದೋರ್ವ್ ಕೋರಮಂಡಲಕ್ಕೆ ಬಂದಾಗ ಕಡಲೂರಿನಲ್ಲಿ ಇಂಗ್ಲಿಷ್ ಸೇನಾಪತಿ ಐರ್ ಕೂಟ್‌ನ ಸೇನೆ ಸಿಕ್ಕಿಬಿದ್ದಿತ್ತು. ನೆಲದ ದಾರಿಗಳು ಹೈದರನ ಕೈಯಲ್ಲಿ, ಕಡಲ ದಾರಿ ದೋರ್ವ್‌ನ ಹಿಡಿತದಲ್ಲಿ. ಇನ್ನು ಕೆಲವು ವಾರ ಹಾಗೇ ನಿಂತಿದ್ದರೆ ಕೂಟ್‌ನ ಸೈನಿಕರು ಹಸಿವಿಗೇ ಶರಣಾಗಬೇಕಿತ್ತು. ಹೈದರ್ ಎಷ್ಟು ಕೇಳಿಕೊಂಡರೂ ದೋರ್ವ್ ನಿಲ್ಲಲಿಲ್ಲ. ಫೆಬ್ರವರಿಯಲ್ಲಿ ಹಾಯಿ ಬಿಚ್ಚಿ ಮಾರಿಷಸ್ಸಿಗೆ, ಅಂದಿನ ಈಲ್ ದ ಫ್ರಾನ್ಸಿಗೆ, ಹೊರಟುಹೋದ. ಚೇತರಿಸಿಕೊಂಡ ಕೂಟ್ ಜುಲೈ 1ರಂದು ಪರಂಗಿಪೇಟೆಯಲ್ಲಿ ಹೈದರನನ್ನು ಸೋಲಿಸಿದ. ಇಡೀ ಯುದ್ಧದಲ್ಲಿ ಫ್ರೆಂಚರು ಕೈಚೆಲ್ಲಿದ ಅತಿ ದೊಡ್ಡ ಅವಕಾಶ ಇದೇ.

‘ಏರೋ’ 1781ರ ಅಕ್ಟೋಬರ್‌ನಲ್ಲಿ ಮಾರಿಷಸ್ ಸೇರಿತು. ಎರಡೂ ಪಡೆಗಳು ಒಂದಾಗಿ, ದೋರ್ವ್‌ನ ನಾಯಕತ್ವದಲ್ಲಿ ಡಿಸೆಂಬರ್ 7ರಂದು 11 ಯುದ್ಧಸಾಲಿನ ಹಡಗುಗಳು ಭಾರತದ ಕಡೆಗೆ ಹೊರಟವು. ದಾರಿಯಲ್ಲಿ ಇಂಗ್ಲಿಷರ 50 ತೋಪಿನ ‘ಹ್ಯಾನಿಬಲ್’ ಸೆರೆ ಸಿಕ್ಕಿತು. 1782ರ ಫೆಬ್ರವರಿ 9ರಂದು ಕಾಯಿಲೆಯಿಂದ ದೋರ್ವ್ ತೀರಿಕೊಂಡು ಇಡೀ ಪಡೆಯ ಹೊಣೆ ಸುಫ್ರೆನ್‌ಗೆ ಬಂತು. ಅಲ್ಲಿಂದ ಮುಂದಿನ ಹದಿನಾರು ತಿಂಗಳಲ್ಲಿ ಹ್ಯೂಸ್ ಮತ್ತು ಸುಫ್ರೆನ್ ಐದು ಬಾರಿ ಕಾದಾಡಿದರು.

ಮೊದಲನೆಯದು ಫೆಬ್ರವರಿ 17ರಂದು ಕೋರಮಂಡಲ ಕರಾವಳಿಯ ಸದ್ರಾಸ್ ಎದುರಿಗೆ. ಹ್ಯೂಸ್‌ನ ಬಳಿ ಒಂಬತ್ತು ಹಡಗುಗಳಿದ್ದವು. ಸಾಲಿಗೆ ಸಾಲು ಸರಿಸಮವಾಗಿ ನಿಲ್ಲುವ ಪದ್ಧತಿಯನ್ನು ಬಿಟ್ಟು, ಶತ್ರುಸಾಲಿನ ಹಿಂಭಾಗದ ಮೇಲೆ ಬಲವೆಲ್ಲ ಒಟ್ಟುಗೂಡಿಸಿ ಬೀಳುವುದು ಸುಫ್ರೆನ್‌ನ ಯೋಜನೆ. ಇಂಗ್ಲಿಷರ ‘ಎಕ್ಸೆಟರ್’ ಜರ್ಜರಿತವಾಯಿತು. ಆದರೆ ಅವನ ಹಲವು ನಾಯಕರಿಗೆ ಈ ಯೋಜನೆ ಅರ್ಥವಾಗಲಿಲ್ಲ, ಅಥವಾ ಅರ್ಥ ಮಾಡಿಕೊಳ್ಳುವ ಮನಸ್ಸಿರಲಿಲ್ಲ. ಸುಫ್ರೆನ್‌ನ ನಾಲಿಗೆ ಹರಿತ. ತನ್ನ ಎಣಿಕೆಯನ್ನು ಮೊದಲೇ ಕೂತು ಬಿಡಿಸಿ ಹೇಳುವ ತಾಳ್ಮೆ ಅವನಿಗಿರಲಿಲ್ಲ. ತಪ್ಪನ್ನೆಲ್ಲ ನಾಯಕರ ಮೇಲೆ ಹೊರಿಸುವ ಫ್ರೆಂಚ್ ಬರಹಗಾರರು ಇದನ್ನು ಸಾಮಾನ್ಯವಾಗಿ ಮರೆಯುತ್ತಾರೆ. ಹಡಗುಗಳ ತಳದಲ್ಲೂ ಸಮಾನತೆ ಇರಲಿಲ್ಲ. ಕೆಲವಕ್ಕೆ ತಾಮ್ರದ ತಗಡು ಹೊದಿಸಿತ್ತು, ಕೆಲವಕ್ಕೆ ಇಲ್ಲ. ತಗಡಿಲ್ಲದ ಮರಕ್ಕೆ ಬೆಚ್ಚಗಿನ ಕಡಲಲ್ಲಿ ಹುಳು ಕೊರೆಯುತ್ತಿತ್ತು, ಪಾಚಿ ಚಿಪ್ಪು ಅಂಟಿ ನಡಿಗೆ ಕುಂಟುತ್ತಿತ್ತು. ಹೀಗೆ ನಡಿಗೆ ಬೇರೆಬೇರೆಯಾದ ಹಡಗುಗಳನ್ನು ಒಂದೇ ಹೊತ್ತಿಗೆ ಒಂದೇ ಜಾಗಕ್ಕೆ ತರುವುದು ಜಾಣ ನಾಯಕರಿಗೂ ಕಷ್ಟವೇ.

ಸದ್ರಾಸ್ ನಂತರ ದ್ಯುಶೆಮಾಂ ಕೈಕೆಳಗಿನ ಫ್ರೆಂಚ್ ಸೈನಿಕರು ಪರಂಗಿಪೇಟೆಯಲ್ಲಿ ಇಳಿದು ಮೈಸೂರು ಸೇನೆಯನ್ನು ಸೇರಿಕೊಂಡರು. ಏಪ್ರಿಲಿನಲ್ಲಿ ಕಡಲೂರು ಕೈವಶವಾಯಿತು. ಸುಫ್ರೆನ್‌ಗೆ ಇದರಿಂದ ಒಂದು ತಂಗುದಾಣ ಸಿಕ್ಕಿತಾದರೂ ಬಂದರು ಸಿಕ್ಕಲಿಲ್ಲ. ಕಡಲೂರಿನಲ್ಲಿ ಹಡಗು ಬಯಲು ಕಡಲಲ್ಲೇ ಲಂಗರು ಹಾಕಿ, ಅಲೆಗಳ ಮೇಲೆ ದೋಣಿಯಲ್ಲಿ ಸರಕು ಸಾಗಿಸಬೇಕು. ಕೋರಮಂಡಲದ ಉದ್ದಕ್ಕೂ ಇದೇ ಪಾಡು. ಅಕ್ಟೋಬರಿನಲ್ಲಿ ಈಶಾನ್ಯ ಮಾರುತ ಎದ್ದರೆ ಅಲ್ಲಿ ದೊಡ್ಡ ಹಡಗು ನಿಲ್ಲುವ ಮಾತೇ ಇಲ್ಲ. ಹ್ಯೂಸ್‌ಗೆ ಮದರಾಸಿನ ಉಗ್ರಾಣವಿತ್ತು, ಅದಕ್ಕಿಂತ ಮಿಗಿಲಾಗಿ ಮುಂಬಯಿಯ ಒಣ ಹಡಗುಕಟ್ಟೆಯಿತ್ತು. ಅಲ್ಲಿ ವಾಡಿಯಾ ಮನೆತನದ ಪಾರ್ಸಿ ಶಿಲ್ಪಿಗಳು ತೇಗದ ಮರದಲ್ಲಿ ಹಡಗು ಕಟ್ಟುವಷ್ಟು ಪಳಗಿದ್ದರು. ತೇಗದ ಕಾಡು ಹೈದರನ ರಾಜ್ಯದಲ್ಲೂ ಬೇಕಾದಷ್ಟಿತ್ತು, ಆದರೆ ಅದು ಕೆನರಾ ಕರಾವಳಿಯ ಬೆನ್ನಿಗೆ. ಯುದ್ಧ ನಡೆದದ್ದು ಮೂಡಣ ಕಡಲಿನಲ್ಲಿ.

ಏಪ್ರಿಲ್ 12ರಂದು ಸಿಂಹಳದ ಪೂರ್ವ ತೀರದ ಪ್ರೊವಿದಿಯೆನ್ ಬಳಿ, ಜುಲೈ 6ರಂದು ನಾಗಪಟ್ಟಣದ ಎದುರು ಮತ್ತೆರಡು ಕಾಳಗಗಳಾದವು. ಪ್ರೊವಿದಿಯೆನ್ ಕಾಳಗ ಮಳೆಗಾಳಿಯಲ್ಲಿ, ಬಂಡೆ ತುಂಬಿದ ಆಳವಿಲ್ಲದ ನೀರಿನಲ್ಲಿ ಮುಗಿದು, ಎರಡೂ ಪಡೆಗಳು ಒಂದರ ಕಣ್ಣೆದುರು ಇನ್ನೊಂದು ಲಂಗರು ಹಾಕಿ ಗಾಯ ನೆಕ್ಕಿಕೊಳ್ಳುತ್ತ ದಿನಗಟ್ಟಲೆ ನಿಂತವು. ನಾಗಪಟ್ಟಣದಲ್ಲಿ ‘ಸೇವೇರ್’ ಹಡಗಿನ ನಾಯಕ ಶರಣಾಗಲು ಬಾವುಟ ಇಳಿಸಿದರೂ ಅವನ ಕೈಕೆಳಗಿನ ಅಧಿಕಾರಿಗಳು ಅದನ್ನು ಒಪ್ಪದೆ ಗುಂಡು ಹಾರಿಸುತ್ತಲೇ ಹೋದರು. ಆ ನಾಯಕನನ್ನೂ ಇನ್ನು ಕೆಲವರನ್ನೂ ಸುಫ್ರೆನ್ ಹುದ್ದೆಯಿಂದ ಕಿತ್ತುಹಾಕಿದ. ಬಳಿಕ ಕಡಲೂರಿನ ಎದುರು, ಸಣ್ಣ ಹಡಗುಗಳ ಕೂವೆಗಳನ್ನು ಕಿತ್ತು ದೊಡ್ಡವಕ್ಕೆ ನಿಲ್ಲಿಸಿ, ಸಿಕ್ಕ ಮರಮುಟ್ಟಿನಿಂದ ತೂತು ಮುಚ್ಚಿ, ಮೂರು ವಾರದಲ್ಲಿ ಪಡೆಯನ್ನು ಮತ್ತೆ ಕಡಲಿಗೆ ಸಿದ್ಧಗೊಳಿಸಿದ. ಹ್ಯೂಸ್ ಅದೇ ಹೊತ್ತಿನಲ್ಲಿ ಮದರಾಸಿನಲ್ಲಿ ದುರಸ್ತಿಯಲ್ಲೇ ಮುಳುಗಿದ್ದ. ಸುಫ್ರೆನ್‌ನ ಕಾಳಗಗಳಿಗಿಂತ ಈ ದುರಸ್ತಿಯೇ ದೊಡ್ಡ ಸಾಧನೆ ಎನ್ನಬೇಕು. ಒಣ ಕಟ್ಟೆಗೆಂದೇ ಹುಟ್ಟಿದ 74ರ ಹಡಗೊಂದನ್ನು ಬಯಲು ಕಡಲಲ್ಲಿ ಮೂರು ವರ್ಷ ಯುದ್ಧಯೋಗ್ಯವಾಗಿ ಇಟ್ಟದ್ದು ಅವನ ಕಾಲದಲ್ಲಿ ಬೇರೆಲ್ಲೂ ಸುಲಭವಾಗಿ ಕಾಣಸಿಗದ ಸಂಗತಿ.

ಈ ದುರಸ್ತಿಯ ದಿನಗಳಲ್ಲೇ, ಜುಲೈ 26ರಂದು, ಹೈದರನ ಶಿಬಿರದಲ್ಲಿ ಇಬ್ಬರ ಭೇಟಿಯಾಯಿತು. ಸುಫ್ರೆನ್‌ನನ್ನು ಕಾಣುವುದಕ್ಕೆಂದೇ ಹೈದರ್ ಸೇನೆಯೊಂದಿಗೆ ಕಡಲೂರಿನ ಸಮೀಪಕ್ಕೆ ಬಂದಿದ್ದ. ಜಮಖಾನದ ಮೇಲೆ ಕಾಲು ಮಡಚಿ ಕೂರಲು ಪರದಾಡುತ್ತಿದ್ದ ಆ ದಪ್ಪ ಮನುಷ್ಯನಿಗೆ ದರ್ಬಾರಿನ ರೀತಿಯನ್ನು ಬದಿಗಿಟ್ಟು ದಿಂಬುಗಳನ್ನು ಹಾಕಿಸಿದನೆಂದು ಫ್ರೆಂಚ್ ವೃತ್ತಾಂತಗಳು ಹೇಳುತ್ತವೆ. ದೋರ್ವ್ ಕೈಕೊಟ್ಟದ್ದನ್ನು ಹೈದರ್ ಮರೆತಿರಲಿಲ್ಲ. ಆದರೆ ಗೆಲ್ಲಲಿ ಸೋಲಲಿ ತೀರ ಬಿಟ್ಟು ಹೋಗದೆ ಮತ್ತೆ ಮತ್ತೆ ಹ್ಯೂಸ್‌ನ ಮೇಲೆ ಬೀಳುತ್ತಿದ್ದ ಈ ಫ್ರೆಂಚನ ಮೇಲೆ ಅವನಿಗೆ ವಿಶ್ವಾಸ ಹುಟ್ಟಿತು. ಹಡಗುಗಳಿಗೆ ದವಸಧಾನ್ಯ, ಹಣ ಒದಗಿದವು. ಬ್ಯುಸಿಯ ನೇತೃತ್ವದಲ್ಲಿ ಫ್ರಾನ್ಸಿನಿಂದ ದೊಡ್ಡ ಸೇನೆ ಬರಲಿದೆ ಎಂಬ ಭರವಸೆ ಹೈದರನಿಗೆ ಸಿಕ್ಕಿತು.

ಬಂದರಿನ ಹಸಿವು ನೀಗಿಸಲು ಸುಫ್ರೆನ್ ಕಣ್ಣಿಟ್ಟದ್ದು ತಿರುಕೋಣಮಲೆಯ ಮೇಲೆ. ಎಲ್ಲ ಮಾರುತಗಳಲ್ಲೂ ಹಡಗು ನೆಮ್ಮದಿಯಾಗಿ ನಿಲ್ಲಬಲ್ಲ ನೈಸರ್ಗಿಕ ಬಂದರು ಆ ಭಾಗದಲ್ಲಿ ಅದೊಂದೇ. ಡಚ್ಚರಿಂದ ಅದನ್ನು ಇಂಗ್ಲಿಷರು ಅದೇ ವರ್ಷ ಜನವರಿಯಲ್ಲಿ ಕಸಿದಿದ್ದರು. ಆಗಸ್ಟ್ 25ರಂದು ಫ್ರೆಂಚ್ ಪಡೆ ಕೊಲ್ಲಿಗೆ ನುಗ್ಗಿತು; 31ಕ್ಕೆ ಕೋಟೆ ಶರಣಾಯಿತು. ಹ್ಯೂಸ್ ಅಲ್ಲಿಗೆ ಮುಟ್ಟುವಾಗ ಕೋಟೆಯ ಮೇಲೆ ಫ್ರೆಂಚರ ಬಾವುಟವಿತ್ತು. ಅಷ್ಟಕ್ಕೇ ಸುಮ್ಮನಿರಬಹುದಾಗಿದ್ದ ಸುಫ್ರೆನ್ ಸೆಪ್ಟೆಂಬರ್ 3ರಂದು 12 ಹಡಗುಗಳ ಹ್ಯೂಸ್‌ನ ಮೇಲೆ 14 ಹಡಗುಗಳೊಂದಿಗೆ ಏರಿಹೋದ. ಸಾಲು ಚದುರಿತು. ನಡುವಿನಲ್ಲಿ ‘ಏರೋ’ ಮತ್ತು ‘ಇಲ್ಯುಸ್ತ್ರ್’ ಮೊದಲಾದ ಬೆರಳೆಣಿಕೆಯ ಹಡಗುಗಳ ಮೇಲೆ ಇಂಗ್ಲಿಷರ ಬೆಂಕಿಯೆಲ್ಲ ಬಂದು ಬಿತ್ತು. ಉಳಿದವು ದೂರದಲ್ಲಿ ತಡವರಿಸುತ್ತಿದ್ದವು. ‘ಏರೋ’ ಹಡಗಿನ ನಡುಗೂವೆ ಮುರಿದು ಬಿತ್ತು, ಅದರೊಂದಿಗೆ ಧ್ವಜವೂ ಬಿತ್ತು. ಇಂಗ್ಲಿಷರು ಅದನ್ನು ಶರಣಾಗತಿಯೆಂದು ತಿಳಿಯದಂತೆ ಸುಫ್ರೆನ್ ಬೇರೆ ಬಾವುಟಗಳನ್ನು ಏರಿಸಿದ. ಕತ್ತಲಾದದ್ದರಿಂದ ಹಡಗು ಉಳಿಯಿತು. ಅದರ ಸೇವಾವಧಿಯಲ್ಲಿ ಇದಕ್ಕಿಂತ ಕೆಟ್ಟ ದಿನ ಬರಲಿಲ್ಲ. ಕೆಲವೇ ದಿನಗಳಲ್ಲಿ 74ರ ‘ಓರಿಯಾಂ’ ತಿರುಕೋಣಮಲೆಯ ಬಂದರಿನ ಬಾಯಲ್ಲೇ ನೆಲಕ್ಕೆ ತಾಗಿ ನಾಶವಾಯಿತು. ಅದರ ಕೂವೆ, ಅಡ್ಡಮರಗಳನ್ನು ಉಳಿಸಿಕೊಂಡು ಕೂವೆ ಕಳೆದುಕೊಂಡ ಹಡಗುಗಳಿಗೆ ಹಾಕಲಾಯಿತು. ‘ಏರೋ’ ಮತ್ತೆ ಎದ್ದು ನಿಂತದ್ದು ಹೀಗೆ, ಸತ್ತ ಹಡಗೊಂದರ ಎಲುಬಿನಿಂದ.

ಹ್ಯೂಸ್ ಮಳೆಗಾಲ ಕಳೆಯಲು ಮುಂಬಯಿಗೆ ಹೋದ. ತಿರುಕೋಣಮಲೆಯಲ್ಲಿ ನೆಲೆಯಿತ್ತು, ಆದರೆ ಸಾವಿರಾರು ಜನರ ಹೊಟ್ಟೆಗೆ ಬೇಕಾದಷ್ಟು ಆಹಾರ ಅಲ್ಲಿರಲಿಲ್ಲ. ಸುಫ್ರೆನ್ ಸುಮಾತ್ರಾದ ‘ಅಚೇ’ ಬಂದರಿಗೆ ಹೊರಟ. ಅವನು ಅಲ್ಲಿರುವಾಗ, 1782ರ ಡಿಸೆಂಬರ್ 7ರಂದು, ಹೈದರ್ ತೀರಿಕೊಂಡ. ಆ ಸುದ್ದಿ ‘ಏರೋ’ ಹಡಗಿಗೆ ಮುಟ್ಟಿದ್ದು ಮರುವರ್ಷ ಜನವರಿಯಲ್ಲಿ, ಒರಿಸ್ಸಾ ಕರಾವಳಿಯ ಗಂಜಾಂ ಬಳಿ ಸೆರೆ ಸಿಕ್ಕ ಇಂಗ್ಲಿಷ್ ಹಡಗಿನವರ ಬಾಯಿಂದ. ಬ್ಯುಸಿಯ ಸೇನೆ ಬಂದು ಇಳಿಯುವಾಗ ಮಾರ್ಚ್ ಆಗಿತ್ತು. ಅಷ್ಟರಲ್ಲಿ ಮುಂಬಯಿಯ ಇಂಗ್ಲಿಷ್ ಸೇನೆ ಬಿದನೂರನ್ನು ಹಿಡಿದಿದ್ದರಿಂದ ಹೈದರನ ಮಗ ಟಿಪ್ಪು ಪಶ್ಚಿಮಕ್ಕೆ ಹೋಗಿದ್ದ. ಫ್ರೆಂಚರು ಕಾಯಿಸಿದಷ್ಟು ಕಾಲ ಹೈದರ್ ಬದುಕಲಿಲ್ಲ. ಅವರು ಬಂದಾಗ ಮಗ ಎದುರಿಗೆ ಇರಲಿಲ್ಲ.

ಐದನೆಯ ಕಾಳಗ 1783ರ ಜೂನ್ 20ರಂದು ಕಡಲೂರಿನ ಎದುರು. ಬ್ಯುಸಿಯನ್ನು ಇಂಗ್ಲಿಷರ ಜನರಲ್ ಸ್ಟುವರ್ಟ್ ಊರೊಳಗೆ ಮುತ್ತಿದ್ದ. ಬ್ಯುಸಿಯಿಂದ 1,200 ಆಳುಗಳನ್ನು, ಅವರಲ್ಲಿ ಅರ್ಧದಷ್ಟು ದೇಶೀ ಸಿಪಾಯಿಗಳನ್ನು, ಪಡೆದು ತೋಪಿನ ಬದಿಯಲ್ಲಿ ನಿಲ್ಲಿಸಿ, 15 ಹಡಗುಗಳ ಸುಫ್ರೆನ್ 18 ಹಡಗುಗಳ ಹ್ಯೂಸ್‌ನನ್ನು ಮದರಾಸಿನ ಕಡೆಗೆ ಹಿಮ್ಮೆಟ್ಟಿಸಿದ. ವಿಚಿತ್ರವೆಂದರೆ ಆ ದಿನ ಸುಫ್ರೆನ್ ‘ಏರೋ’ ಮೇಲೆ ಇರಲೇ ಇಲ್ಲ. ಹಿಂದಿನ ವರ್ಷ ಅಮೆರಿಕದ ಕಡಲಲ್ಲಿ ದ ಗ್ರಾಸ್ ತನ್ನ ಧ್ವಜನೌಕೆಯ ಸಮೇತ ಸೆರೆ ಸಿಕ್ಕಿದ್ದರಿಂದ, ನೌಕಾಪತಿಗಳು ಕಾಳಗದ ಹೊತ್ತಿನಲ್ಲಿ ಸಣ್ಣ ಫ್ರಿಗೇಟಿನಲ್ಲಿ ನಿಂತು ನಡೆಸಬೇಕೆಂದು ರಾಜಾಜ್ಞೆ ಬಂದಿತ್ತು. ಅದರಂತೆ ಅವನು ‘ಕ್ಲೆಯೋಪಾತ್ರ್’ ಎಂಬ ಫ್ರಿಗೇಟಿನಲ್ಲಿದ್ದ. ಅವನ ಐದು ಕಾಳಗಗಳಲ್ಲಿ ಸಾಲು ಹೇಳಿದಂತೆ ನಿಂತದ್ದೂ ಅದೇ ದಿನ. ಜೂನ್ 29ಕ್ಕೆ ಇಂಗ್ಲಿಷರ ‘ಮೀಡಿಯಾ’ ಬಿಳಿ ಬಾವುಟ ಹಾರಿಸಿಕೊಂಡು ಶಾಂತಿಯ ಸುದ್ದಿ ತಂದಿತು. ಯೂರೋಪಿನಲ್ಲಿ ಪ್ರಾಥಮಿಕ ಕರಾರಿಗೆ ಸಹಿ ಬಿದ್ದದ್ದು ಜನವರಿ 20ಕ್ಕೆ. ಕಡಲೂರಿನ ಕಾಳಗ ನಡೆದದ್ದು ಅದಾದ ಸರಿಯಾಗಿ ಐದು ತಿಂಗಳಿಗೆ.

ಐದು ಕಾಳಗಗಳಲ್ಲಿ ಎರಡೂ ಕಡೆಯ ಒಂದೇ ಒಂದು ಯುದ್ಧಸಾಲಿನ ಹಡಗೂ ಮುಳುಗಲಿಲ್ಲ, ಸೆರೆ ಸಿಗಲಿಲ್ಲ. ಫ್ರೆಂಚರು ಕಳೆದುಕೊಂಡ ‘ಓರಿಯಾಂ’, ‘ಬಿಜಾರ್’ ಎರಡೂ ದಡಕ್ಕೆ ತಾಗಿ ಹೋದವು. 74ರ ಮರದ ಗೋಡೆ ಎಷ್ಟು ಗಟ್ಟಿಯೆಂಬುದಕ್ಕೂ, ಅವುಗಳನ್ನು ಒಗ್ಗೂಡಿಸಿ ನಡೆಸುವ ಕಲೆ ಎಷ್ಟು ಕಚ್ಚಾ ಆಗಿತ್ತೆಂಬುದಕ್ಕೂ ಇದೇ ಲೆಕ್ಕ ಸಾಕ್ಷಿ.

ಶಾಂತಿ ಕರಾರಿನಲ್ಲಿ ಫ್ರಾನ್ಸಿಗೆ ಪುದುಚೇರಿ, ಕಾರೈಕಲ್, ಮಾಹೆ ಮರಳಿದವು. ತಿರುಕೋಣಮಲೆ ಡಚ್ಚರಿಗೆ ಹೋಯಿತು. ಮೈಸೂರಿನ ಪಾಲಿಗೆ ಏನೂ ಇರಲಿಲ್ಲ. ಮಂಗಳೂರು ಕೋಟೆಯನ್ನು ಟಿಪ್ಪುವಿನ ಜೊತೆ ಮುತ್ತಿದ್ದ ಕೊಸಿನ್ಯಿಯ ಫ್ರೆಂಚ್ ತುಕಡಿ, ಶಾಂತಿಯಾಯಿತೆಂಬ ಸುದ್ದಿ ಬಂದೊಡನೆ ಕಾಳಗದಿಂದ ಹಿಂದೆ ಸರಿಯಿತು. ಟಿಪ್ಪು ತನ್ನ ಶಾಂತಿಯನ್ನು ತಾನೇ ಮಾಡಿಕೊಂಡ, 1784ರ ಮಾರ್ಚ್ 11ರ ಮಂಗಳೂರು ಒಪ್ಪಂದದಲ್ಲಿ. ಕಡಲಿನ ಬಲವನ್ನು ಇನ್ನೊಬ್ಬರಿಂದ ಎರವಲು ಪಡೆದರೆ ಏನಾಗುತ್ತದೆಂಬುದನ್ನು ಅವನು ಅರಿತಿದ್ದಿರಬೇಕು: 1796ರಲ್ಲಿ ಮಂಗಳೂರು, ಮಿರ್ಜಾನ್, ಸದಾಶಿವಗಡಗಳ ಕಡೆ ಹಡಗುಕಟ್ಟೆಗಳನ್ನು ಗೊತ್ತುಮಾಡಿ ನಲವತ್ತು ಯುದ್ಧನೌಕೆಗಳನ್ನು ಕಟ್ಟಲು ಆಜ್ಞೆ ಹೊರಡಿಸಿದ. ಮೂರೇ ವರ್ಷದಲ್ಲಿ ಶ್ರೀರಂಗಪಟ್ಟಣ ಬಿದ್ದಿತು.

‘ಏರೋ’ 1783ರ ಶರತ್ಕಾಲದಲ್ಲಿ ಭಾರತದ ಕಡಲನ್ನು ಬಿಟ್ಟಿತು. ಗುಡ್‌ಹೋಪ್ ಭೂಶಿರದಲ್ಲಿ, ಊರಿಗೆ ಮರಳುತ್ತಿದ್ದ ಹ್ಯೂಸ್‌ನ ಪಡೆಯ ಇಂಗ್ಲಿಷ್ ನಾಯಕರು ಹಡಗಿಗೆ ಬಂದು ಸುಫ್ರೆನ್‌ಗೆ ಗೌರವ ಸಲ್ಲಿಸಿದರು. 1784ರ ಮಾರ್ಚ್ 26ರಂದು ಅದು ತೂಲೋನ್ ಸೇರಿತು. ಸುಫ್ರೆನ್‌ಗಾಗಿಯೇ ಹೊಸದಾಗಿ ಉಪನೌಕಾಪತಿಯ ಹುದ್ದೆಯೊಂದನ್ನು ರಾಜ ಸೃಷ್ಟಿಸಿದ. ಪ್ರೊವಾನ್ಸ್ ಪ್ರಾಂತ್ಯಸಭೆ ಪೋರ್ತೊ ಪ್ರಾಯವನ್ನೂ ಸೇರಿಸಿ ಆರು ಕಾಳಗಗಳ ನೆನಪಿಗೆ ಪದಕ ಹೊರಡಿಸಿತು. ಅವನು 1788ರಲ್ಲಿ ತೀರಿಕೊಂಡ. ಹಡಗಿಗೆ ಹೇಳಿಕೊಳ್ಳುವಂಥ ಕೆಲಸ ಮತ್ತೆ ಸಿಗಲಿಲ್ಲ.

1793ರ ಆಗಸ್ಟ್‌ನಲ್ಲಿ ಕ್ರಾಂತಿಯ ವಿರುದ್ಧ ದಂಗೆಯೆದ್ದ ತೂಲೋನಿನ ರಾಜನಿಷ್ಠರು ಬಂದರನ್ನೂ ಅಲ್ಲಿದ್ದ ಹಡಗುಗಳನ್ನೂ ಇಂಗ್ಲಿಷ್ ಮತ್ತು ಸ್ಪೇನ್ ಪಡೆಗಳಿಗೆ ಒಪ್ಪಿಸಿದರು. ಡಿಸೆಂಬರಿನಲ್ಲಿ ಕ್ರಾಂತಿ ಸೇನೆ ಬಂದರಿನ ಮೇಲಿನ ದಿಬ್ಬಗಳನ್ನು ಹಿಡಿಯಿತು. ಅದರ ತೋಪುಗಳ ಉಸ್ತುವಾರಿ ನೆಪೋಲಿಯನ್ ಬೊನಪಾರ್ತ್ ಎಂಬ 24 ವರ್ಷದ ಅಧಿಕಾರಿಯದು. ಬಂದರು ಬಿಟ್ಟು ಓಡುವ ರಾತ್ರಿ, ಡಿಸೆಂಬರ್ 18ರಂದು, ಒಯ್ಯಲಾಗದ ಫ್ರೆಂಚ್ ಹಡಗುಗಳಿಗೆ ಇಂಗ್ಲಿಷರು ಬೆಂಕಿಯಿಟ್ಟರು. ‘ಏರೋ’ ಅವುಗಳಲ್ಲೊಂದು. ನೀರಿಗಿಳಿದ ಅದೇ ಬಂದರಿನಲ್ಲಿ, ಹದಿನೈದು ವರ್ಷ ತುಂಬಲು ಹನ್ನೆರಡು ದಿನ ಉಳಿದಿರುವಾಗ ಅದು ಸುಟ್ಟುಹೋಯಿತು.

ಮಾದರಿ ಮಾತ್ರ ಹಡಗಿಗಿಂತ ಹೆಚ್ಚು ಕಾಲ ಬಾಳಿತು. ‘ಏರೋ’ ಕೋರಮಂಡಲದಲ್ಲಿ ಕಾದಾಡುತ್ತಿದ್ದ 1782ರಲ್ಲೇ ಜಾಕ್ ನೊಯೆಲ್ ಸಾನೇ ಎಂಬ ಶಿಲ್ಪಿಯ 74ರ ನಕ್ಷೆಯನ್ನು ಇಡೀ ಫ್ರೆಂಚ್ ನೌಕಾಪಡೆಗೆ ಏಕಮಾದರಿಯಾಗಿ ಸ್ವೀಕರಿಸಲಾಯಿತು. ಆ ನಕ್ಷೆಯ ಮೇಲೆ ನೂರಕ್ಕೂ ಹೆಚ್ಚು ಹಡಗುಗಳು ಎದ್ದವು. ಅವುಗಳಲ್ಲೊಂದು 1800ರಲ್ಲಿ ರೋಶ್‌ಫೋರ್‌ನಲ್ಲಿ ನೀರಿಗಿಳಿದ ‘ದ್ಯುಗೇ ತ್ರುಆಂ’. ಟ್ರಫಾಲ್ಗರ್ ಕಾಳಗದಿಂದ ಪಾರಾಗಿ ಕೆಲವೇ ದಿನಗಳಲ್ಲಿ ಇಂಗ್ಲಿಷರಿಗೆ ಸೆರೆ ಸಿಕ್ಕ ಅದು ‘ಇಂಪ್ಲೇಕಬಲ್’ ಎಂಬ ಹೆಸರಿನಲ್ಲಿ ಸುಮಾರು ಒಂದೂವರೆ ಶತಮಾನ ಉಳಿದಿತ್ತು. ಉಳಿಸಿಕೊಳ್ಳಲು ಹಣವಿಲ್ಲವೆಂದು 1949ರ ಡಿಸೆಂಬರ್ 2ರಂದು ಇಂಗ್ಲಿಷ್ ಕಾಲುವೆಯಲ್ಲಿ ಅದನ್ನು ಮುಳುಗಿಸಲಾಯಿತು. ಅದರ ಮುಂಮೂತಿಯ ವಿಗ್ರಹ ಮತ್ತು ಹಿಂಬದಿಯ ಕೆತ್ತನೆಗಳು ಲಂಡನ್ನಿನ ಗ್ರೀನಿಚ್ ನೌಕಾ ವಸ್ತುಸಂಗ್ರಹಾಲಯದಲ್ಲಿವೆ.